ಆರನ್ ದ್ವೀಪದಿಂದ ಕಾಕನಕೋಟೆಗೆ ಬಂದ ಕ್ಯಾಮೆರಾ

ರಾಬರ್ಟ್ ಫ್ಲಾಹರ್ಟಿಯ ‘ಮ್ಯಾನ್ ಆಫ್ ಆರನ್’ 1934ರ ಚಿತ್ರ. ಐರ್ಲೆಂಡಿನ ಪಶ್ಚಿಮ ತೀರದಾಚೆ ಅಟ್ಲಾಂಟಿಕ್ ಸಾಗರದಲ್ಲಿ ಸುಣ್ಣಕಲ್ಲಿನ ಮೂರು ದ್ವೀಪಗಳಿವೆ. ಅವಕ್ಕೆ ಒಟ್ಟಾಗಿ ಆರನ್ ಎಂದು ಹೆಸರು. ಅವುಗಳಲ್ಲಿ ದೊಡ್ಡದಾದ ಇನಿಶ್‌ಮೋರ್‌ನಲ್ಲಿ ಸುಮಾರು ಎರಡು ವರ್ಷ ಬೀಡುಬಿಟ್ಟು ಫ್ಲಾಹರ್ಟಿ ಈ ಒಂದೂಕಾಲು ಗಂಟೆಯ ಸಾಕ್ಷ್ಯಚಿತ್ರ ತೆಗೆದ. ಆ ವರ್ಷವೇ ವೆನಿಸ್ ಚಿತ್ರೋತ್ಸವದಲ್ಲಿ ಅದಕ್ಕೆ ಅತ್ಯುತ್ತಮ ವಿದೇಶಿ ಚಿತ್ರದ ಬಹುಮಾನ ಬಂತು. ಬಹುಮಾನದ ಹೆಸರು ಮುಸೊಲಿನಿ ಕಪ್. ಸಿನಿಮಾ ಅಧ್ಯಯನದ ತರಗತಿಗಳಲ್ಲಿ ಇವತ್ತು ಈ ಚಿತ್ರದ ಹೆಸರು ಬರುವುದು ಹೆಚ್ಚಾಗಿ ಒಂದೇ ಕಾರಣಕ್ಕೆ: ಸಾಕ್ಷ್ಯಚಿತ್ರ ಎಂದು ಹೇಳಿಕೊಂಡು ಇಲ್ಲದ್ದನ್ನು ಹೂಡಿ ತೋರಿಸಿದ್ದಕ್ಕೆ ಉದಾಹರಣೆಯಾಗಿ.

ಈ ಚಿತ್ರ ಮುಗಿಸಿದ ಫ್ಲಾಹರ್ಟಿ ಮರುವರ್ಷ ಕ್ಯಾಮೆರಾ ಹೊತ್ತು ಬಂದದ್ದು ಮೈಸೂರಿಗೆ. ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದ ಮೈಸೂರು, ಅಲ್ಲಿನ ಆನೆಲಾಯ, ಕಾಕನಕೋಟೆಯ ಕಾಡು, ಕಾರಾಪುರದ ಒಬ್ಬ ಮಾವುತನ ಮಗ – ಇವನ್ನೆಲ್ಲ ಹಿಡಿದು ‘ಎಲಿಫಂಟ್ ಬಾಯ್’ ಚಿತ್ರದ ಅರ್ಧಭಾಗವನ್ನು ಅವನು ಕಟ್ಟಿದ. ಆ ಚಿತ್ರ 1937ರಲ್ಲಿ ಬಿಡುಗಡೆಯಾಯಿತು. ಆರನ್‌ನ ಚಿತ್ರವನ್ನು ಐರಿಷ್ ಸಿನಿಮಾದ ಕಥೆಯಾಗಿ, ಆನೆಯ ಚಿತ್ರವನ್ನು ಸಾಬು ಎಂಬ ನಮ್ಮ ಹುಡುಗ ಹಾಲಿವುಡ್ಡಿಗೆ ಹೋದ ಕಥೆಯಾಗಿ ಬೇರೆಬೇರೆಯಾಗಿ ನೋಡುವುದು ರೂಢಿ. ಎರಡನ್ನೂ ಒಟ್ಟಿಗಿಟ್ಟು ನೋಡಿದರೆ ಇನ್ನೊಂದು ಪ್ರಶ್ನೆ ಏಳುತ್ತದೆ. ಹಂಪಿಯ ಆಸುಪಾಸಿನಲ್ಲಿ, ಯಾರದಾದರೂ ಕ್ಯಾಮೆರಾದ ಎದುರಲ್ಲೋ ಇಲ್ಲವೇ ಅದರ ಬೆನ್ನಿಗೋ ಬದುಕುತ್ತಿರುವ ನಮಗೆ ಆ ಪ್ರಶ್ನೆ ನೇರವಾಗಿ ತಾಗುತ್ತದೆ.

*

ಮೊದಲು ಆರನ್. ಚಿತ್ರದಲ್ಲಿ ಕಥೆ ಎನ್ನುವಂಥದ್ದು ಕಡಿಮೆ. ಒಬ್ಬ ಗಂಡಸು, ಒಬ್ಬ ಹೆಂಗಸು, ಒಬ್ಬ ಹುಡುಗ. ಹುಡುಗ ಬಂಡೆಯ ನಡುವಿನ ನೀರಿನಲ್ಲಿ ಏಡಿ ಹುಡುಕುತ್ತಾನೆ. ತಾಯಿ ತೊಟ್ಟಿಲು ತೂಗುತ್ತಾಳೆ. ದೋಣಿಯೊಂದು ಅಲೆಗಳ ನಡುವೆ ದಡಕ್ಕೆ ಬರುತ್ತದೆ, ಬಲೆ ಕೊಚ್ಚಿಹೋಗುತ್ತದೆ, ಅದನ್ನು ಎಳೆದುಕೊಳ್ಳಲು ಮನೆಯವರೆಲ್ಲ ಸೊಂಟದವರೆಗಿನ ನೀರಿಗೆ ಇಳಿಯುತ್ತಾರೆ. ಬಳಿಕ ದೊಡ್ಡ ಶಾರ್ಕ್ ಮೀನಿನ ಬೇಟೆ, ಕೊನೆಯಲ್ಲಿ ಬಿರುಗಾಳಿ, ದೋಣಿ ಒಡೆದು ಗಂಡಸರು ಹೇಗೋ ಪಾರಾಗಿ ದಡ ಸೇರುವುದು. ಇಷ್ಟೇ.

ನನ್ನ ಮಟ್ಟಿಗೆ ಈ ಚಿತ್ರದ ಎಲ್ಲಕ್ಕಿಂತ ದೊಡ್ಡ ದೃಶ್ಯ ಶಾರ್ಕ್ ಬೇಟೆಯದಲ್ಲ, ಮಣ್ಣು ಮಾಡುವುದು. ದ್ವೀಪದ ನೆಲ ಬರೀ ಬಂಡೆ. ಗಂಡಸು ಸುತ್ತಿಗೆ ಎತ್ತಿ ಬಂಡೆಯನ್ನು ಒಡೆದು ಸಮತಟ್ಟು ಮಾಡುತ್ತಾನೆ. ಹೆಂಗಸು ಕಡಲಿನಿಂದ ಒದ್ದೆ ಪಾಚಿಯನ್ನು ಬುಟ್ಟಿಯಲ್ಲಿ ಬೆನ್ನ ಮೇಲೆ ಹೊತ್ತು ಕಡಿದಾದ ದಾರಿ ಹತ್ತುತ್ತಾಳೆ. ಬಂಡೆಯ ಬಿರುಕುಗಳೊಳಗೆ ಕೈ ಇಳಿಸಿ ಅಲ್ಲಿ ಸಿಕ್ಕಿಕೊಂಡ ಹಿಡಿಹಿಡಿ ಮಣ್ಣನ್ನು ಬಗೆದು ತೆಗೆಯುತ್ತಾರೆ. ಪಾಚಿ, ಮಣ್ಣು ಒಂದರ ಮೇಲೊಂದು ಹರಡಿ ಅದರಲ್ಲಿ ಆಲೂಗಡ್ಡೆ ಬೆಳೆಯಬೇಕು. ಎರೆ, ಮಸಾರಿ ಎಂದು ಹೊಲವನ್ನು ಮಣ್ಣಿನ ಹೆಸರಿಂದಲೇ ಕರೆಯುವ ಬಳ್ಳಾರಿ ಸೀಮೆಯವರಿಗೆ ಮಣ್ಣನ್ನೇ ಕೈಯಲ್ಲಿ ತಯಾರಿಸುವ ಈ ಕೆಲಸ ನೋಡುವಾಗ ಮೈ ಜುಮ್ಮೆನ್ನುತ್ತದೆ. ಇದು ಕಟ್ಟುಕಥೆಯಲ್ಲ. ಆರನ್‌ನ ಹೊಲಗಳು ಹೀಗೆಯೇ ಆದವು; ಕಲ್ಲು ಒಟ್ಟಿ ಕಟ್ಟಿದ ಗಿಡ್ಡ ಗೋಡೆಗಳ ನಡುವೆ ಆ ಹೊಲಗಳು ಈಗಲೂ ಇವೆ.

ದೋಣಿಯನ್ನೂ ಗಮನಿಸಬೇಕು. ಅದನ್ನು ಅಲ್ಲಿ ‘ಕರಖ್’ ಎನ್ನುತ್ತಾರೆ. ತೆಳು ಮರದ ಪಟ್ಟಿಗಳ ಹಂದರ, ಅದರ ಮೇಲೆ ಡಾಂಬರು ಬಳಿದ ದಪ್ಪ ಬಟ್ಟೆ. ಹಿಂದಿನ ಕಾಲದಲ್ಲಿ ಬಟ್ಟೆಯ ಜಾಗದಲ್ಲಿ ತೊಗಲು. ನಮ್ಮ ತುಂಗಭದ್ರೆಯ ಹರಿಗೋಲಿಗೆ ಇದು ದೂರದ ನೆಂಟ. ಇಲ್ಲಿ ಬಿದಿರಿನ ಹೆಣಿಗೆ, ಅದರ ಮೇಲೆ ಒಮ್ಮೆ ತೊಗಲು, ಈಗ ಡಾಂಬರು ಹಚ್ಚಿದ ಪ್ಲಾಸ್ಟಿಕ್ ಚೀಲದ ಹೊದಿಕೆ. ಕರಖ್ ಉದ್ದಕ್ಕಿರುತ್ತದೆ, ಹರಿಗೋಲು ಗುಂಡಗಿರುತ್ತದೆ. ಅದು ಅಲೆಯನ್ನು ಸೀಳಬೇಕು, ಇದು ಬಂಡೆಗಳ ನಡುವೆ ಸುತ್ತುತ್ತ ಜಾರಬೇಕು. ಎರಡರ ಹಿಂದೆಯೂ ಇರುವ ಬುದ್ಧಿ ಒಂದೇ: ಹಗುರವಾಗಿರು, ಕಲ್ಲಿಗೆ ತಾಗಿದರೂ ಮುರಿಯದೆ ಬಾಗು, ದಡಕ್ಕೆ ಬಂದರೆ ಮನುಷ್ಯನೇ ತಲೆಯ ಮೇಲೆ ಹೊತ್ತು ನಡೆಯುವಂತಿರು. ಫ್ಲಾಹರ್ಟಿಯ ಕ್ಯಾಮೆರಾ ಇಂಥ ಬುದ್ಧಿಯನ್ನು ಚೆನ್ನಾಗಿ ಬಲ್ಲದು. ಮನುಷ್ಯನ ಕೈ ಮತ್ತು ಅದು ಹಿಡಿದ ಸಲಕರಣೆಯನ್ನು ಅದು ತಾಳ್ಮೆಯಿಂದ ನೋಡುತ್ತದೆ, ಅವಸರಿಸುವುದಿಲ್ಲ.

ಇನ್ನು ಆರೋಪಗಳು. ಚಿತ್ರದಲ್ಲಿ ಕಾಣುವ ಕುಟುಂಬ ಕುಟುಂಬವೇ ಅಲ್ಲ. ಗಂಡಸು ಕೋಲ್ಮನ್ ‘ಟೈಗರ್’ ಕಿಂಗ್, ಹೆಂಗಸು ಮ್ಯಾಗಿ ಡಿರೇನ್, ಹುಡುಗ ಮೈಕಲ್ ಡಿಲೇನ್ – ಮೂವರೂ ದ್ವೀಪದವರೇ, ಆದರೆ ಒಬ್ಬರಿಗೊಬ್ಬರು ಸಂಬಂಧಿಕರಲ್ಲ. ಮುಖಲಕ್ಷಣ ನೋಡಿ ಆರಿಸಿ ಜೋಡಿಸಿದ ಮನೆ ಅದು. ಶಾರ್ಕ್ ಬೇಟೆಯಂತೂ ತಲೆಮಾರುಗಳಷ್ಟು ಹಿಂದೆಯೇ ನಿಂತುಹೋಗಿತ್ತು. ಹಗ್ಗ ಕಟ್ಟಿದ ಈಟಿ ಎಸೆಯುವುದನ್ನು ದ್ವೀಪದ ಗಂಡಸರಿಗೆ ಚಿತ್ರಕ್ಕಾಗಿ ಮತ್ತೆ ಕಲಿಸಬೇಕಾಯಿತು. ಸಾಲದ್ದಕ್ಕೆ ಬಾಸ್ಕಿಂಗ್ ಶಾರ್ಕ್ ಎಂಬ ಆ ಮೀನು ಗಾತ್ರದಲ್ಲಿ ದೈತ್ಯನಾದರೂ ಮನುಷ್ಯರ ತಂಟೆಗೆ ಬರುವುದಲ್ಲ. ಬಾಯಿ ತೆರೆದು ಈಜುತ್ತ, ನೀರಿನಲ್ಲಿ ತೇಲುವ ಸೂಕ್ಷ್ಮಜೀವಿಗಳನ್ನು ಸೋಸಿ ತಿಂದು ಬದುಕುವಂಥದ್ದು. ಚಿತ್ರದ ಸಂಕಲನ ಅದನ್ನು ಕಡಲ ರಕ್ಕಸನನ್ನಾಗಿ ಮಾಡಿತು. 1978ರಲ್ಲಿ ಜಾರ್ಜ್ ಸ್ಟೋನಿ ಎಂಬ ಅಮೆರಿಕನ್ ನಿರ್ದೇಶಕ ಆರನ್‌ಗೆ ಹೋಗಿ, ಆಗ ಬದುಕಿದ್ದವರನ್ನು ಮಾತನಾಡಿಸಿ, ಈ ಪುರಾಣ ಕಟ್ಟಿದ ಬಗೆಯನ್ನೇ ಇನ್ನೊಂದು ಸಾಕ್ಷ್ಯಚಿತ್ರವಾಗಿಸಿದ.

ಇದು ಫ್ಲಾಹರ್ಟಿಗೆ ಹೊಸದಲ್ಲ. 1922ರ ‘ನಾನೂಕ್ ಆಫ್ ದ ನಾರ್ತ್’ ಚಿತ್ರದಲ್ಲಿ, ಅಷ್ಟರಲ್ಲಾಗಲೇ ಬಂದೂಕು ಬಳಸುತ್ತಿದ್ದ ಇನ್ಯೂಟ್ ಜನರ ಕೈಗೆ ಅವನು ಹಳೆಯ ಈಟಿ ಕೊಟ್ಟಿದ್ದ. ಬೆಳಕು ಸಾಲದೆಂದು ಮಂಜಿನ ಮನೆಯನ್ನು ಅರ್ಧಕ್ಕೆ ಕತ್ತರಿಸಿ ತೋರಿಸಿದ್ದ. ಜಾನ್ ಗ್ರಿಯರ್ಸನ್ ಎಂಬ ವಿಮರ್ಶಕ 1926ರಲ್ಲಿ ‘ಡಾಕ್ಯುಮೆಂಟರಿ’ ಎಂಬ ಮಾತನ್ನು ಸಿನಿಮಾಕ್ಕೆ ಅನ್ವಯಿಸಿದ್ದೂ ಫ್ಲಾಹರ್ಟಿಯ ‘ಮೊವಾನಾ’ ಚಿತ್ರದ ಬಗ್ಗೆ ಬರೆಯುವಾಗಲೇ. ಹೀಗಾಗಿ ಹೂಡಿಕೆ ಎನ್ನುವುದು ಸಾಕ್ಷ್ಯಚಿತ್ರದೊಳಗೆ ಆಮೇಲೆ ನುಸುಳಿದ ದೋಷವಲ್ಲ, ಹುಟ್ಟಿನಿಂದಲೇ ಬಂದದ್ದು.

ಆದ್ದರಿಂದ ‘ಇದು ಸುಳ್ಳು’ ಎಂದು ಹೇಳಿ ನಿಲ್ಲಿಸುವ ವಿಮರ್ಶೆ ನನಗೆ ಅರ್ಧ ದಾರಿಯದಾಗಿ ಕಾಣುತ್ತದೆ. ಯಾವುದು ಸುಳ್ಳು, ಯಾವುದು ನಿಜ ಎಂಬುದು ಈ ಚಿತ್ರದಲ್ಲಿ ಅಷ್ಟು ಸಲೀಸಾಗಿ ಬೇರೆಯಾಗುವುದಿಲ್ಲ. ಬೇಟೆ ಹೂಡಿದ್ದು, ಆದರೆ ಅಲೆ ಹೂಡಿದ್ದಲ್ಲ. ಆ ಬಿರುಗಾಳಿಯಲ್ಲಿ ದೋಣಿ ಇಳಿಸಿದವರು ನಿಜವಾದ ಮನುಷ್ಯರು, ಅವರಲ್ಲಿ ಅನೇಕರಿಗೆ ಈಜು ಬರುತ್ತಿರಲಿಲ್ಲ. ಆ ಜನರಿಂದ ತಾನು ಮಾಡಿಸಿದ ಕೆಲಸಕ್ಕೆ ತನಗೆ ಗುಂಡಿಕ್ಕಬೇಕಿತ್ತು ಎಂಬರ್ಥದ ಮಾತನ್ನು ಫ್ಲಾಹರ್ಟಿಯೇ ಮುಂದೆ ಆಡಿದ್ದುಂಟು. ಅಂದರೆ ಕಥೆ ಕಲ್ಪಿತ, ಅಪಾಯ ಮಾತ್ರ ನಿಜ. ಪ್ರೇಕ್ಷಕನ ರೋಮಾಂಚನಕ್ಕೆ ಬೇಕಾದ ಆ ಅಪಾಯವನ್ನು ಹೊತ್ತವರು ಕೂಲಿಗೆ ಬಂದ ದ್ವೀಪದವರು. ಚಿತ್ರದ ನೈತಿಕ ತೊಡಕು ಸುಳ್ಳಿಗಿಂತ ಹೆಚ್ಚಾಗಿ ಈ ಹಂಚಿಕೆಯಲ್ಲಿದೆ.

ಎರಡನೆಯದು, ಚೌಕಟ್ಟಿನ ಹೊರಗೆ ಉಳಿದದ್ದು. ಚಿತ್ರದ ಪ್ರಕಾರ ಆರನ್ ಮನುಷ್ಯನಿಗೆ ಇರುವ ಶತ್ರು ಒಂದೇ, ಕಡಲು. ಗೇಣಿ ಇಲ್ಲ, ಒಡೆಯನಿಲ್ಲ, ಅಂಗಡಿಯ ಸಾಲ ಇಲ್ಲ, ಸರ್ಕಾರ ಇಲ್ಲ. ವಾಸ್ತವದಲ್ಲಿ ಈ ಬಂಡೆಯ ಮೇಲೆ ಮಾಡಿದ ಮಣ್ಣಿಗೂ ದ್ವೀಪದವರು ತಲೆತಲಾಂತರ ಗೇಣಿ ಕಟ್ಟಿದ್ದರು. ತಲೆಮಾರಿನ ನಂತರ ತಲೆಮಾರು ಅಮೆರಿಕಕ್ಕೆ ಹಡಗು ಹತ್ತಿತ್ತು. ಫ್ಲಾಹರ್ಟಿಗೂ ದ್ವೀಪದವರಿಗೂ ನಡುವೆ ಸೇತುವೆಯಾಗಿ ನಿಂತು, ಜನರನ್ನು ಒಪ್ಪಿಸಿ ಕರೆತಂದ ಪ್ಯಾಟ್ ಮಲನ್ ಎಂಬವನೇ ಅಮೆರಿಕದಲ್ಲಿ ವರ್ಷಗಟ್ಟಲೆ ದುಡಿದು ಊರಿಗೆ ಮರಳಿದವನು. ವಲಸೆಯನ್ನು ತೋರಿಸದ ಚಿತ್ರ ಸಾಧ್ಯವಾದದ್ದೇ ಒಬ್ಬ ವಲಸಿಗನ ನೆರವಿನಿಂದ. ಅದೇ ಇನಿಶ್‌ಮೋರ್‌ನಲ್ಲಿ ಹುಟ್ಟಿದ ಲಿಯಮ್ ಒ’ಫ್ಲಾಹರ್ಟಿ ಆ ಹೊತ್ತಿಗೆ ಹೆಸರಾಂತ ಕಾದಂಬರಿಕಾರ. ದ್ವೀಪದ ಪಾದ್ರಿ, ಮೇಷ್ಟ್ರು, ಅವರ ಜಗಳ ಇವನ್ನೆಲ್ಲ ಇಟ್ಟುಕೊಂಡು ಅವನು ಬರೆದ ‘ಸ್ಕೆರೆಟ್’ ಕಾದಂಬರಿ 1932ರಲ್ಲಿ, ಅಂದರೆ ಫ್ಲಾಹರ್ಟಿ ದ್ವೀಪಕ್ಕೆ ಕಾಲಿಟ್ಟ ವರ್ಷವೇ ಬಂದಿತ್ತು. ಕಾದಂಬರಿಕಾರನನ್ನು ಹೆತ್ತ ಊರು ಪರದೆಯ ಮೇಲೆ ಅಕ್ಷರದ ಸುಳಿವೇ ಇಲ್ಲದ ಆದಿಮಾನವರ ನೆಲೆಯಂತೆ ಕಾಣುತ್ತದೆ.

ಭಾಷೆಯ ಗತಿಯೂ ಅದೇ. ದ್ವೀಪದವರ ತಾಯ್ನುಡಿ ಐರಿಷ್. ಚಿತ್ರದಲ್ಲಿ ಕೇಳುವುದು ಲಂಡನ್ನಿನ ಸ್ಟುಡಿಯೋದಲ್ಲಿ ಆಮೇಲೆ ಸೇರಿಸಿದ ಇಂಗ್ಲಿಷ್ ಕೂಗುಗಳು, ನಡುವೆ ಅಲ್ಲೊಂದು ಇಲ್ಲೊಂದು ಐರಿಷ್ ಮಾತಿನ ಚೂರು. ಮಾತಿಗೆ ಅರ್ಥವಿರಬೇಕಾದ ಅಗತ್ಯವೇ ಇಲ್ಲ, ಗಾಳಿಯ ಸದ್ದಿನ ಜೊತೆ ಬೆರೆತರೆ ಸಾಕು ಎಂಬಂತೆ. ಧ್ವನಿಮುದ್ರಣಕ್ಕೆಂದು ಲಂಡನ್ನಿಗೆ ಬಂದ ಇದೇ ಜನರನ್ನು ಒಂದು ಒಲೆಯ ಸುತ್ತ ಕೂರಿಸಿ, ಐರಿಷ್ ಸರ್ಕಾರಕ್ಕಾಗಿ ಫ್ಲಾಹರ್ಟಿ ಹನ್ನೊಂದು ನಿಮಿಷದ ಇನ್ನೊಂದು ಚಿತ್ರ ತೆಗೆದ. ಅದರ ಐರಿಷ್ ಹೆಸರಿಗೆ ‘ಕಥೆ ಹೇಳುವ ಇರುಳು’ ಎಂಬ ಅರ್ಥ. ಅಲ್ಲಿ ದ್ವೀಪದ ಮುದುಕನೊಬ್ಬ ತನ್ನ ನುಡಿಯಲ್ಲಿ ಕಥೆ ಹೇಳುತ್ತಾನೆ, ಉಳಿದವರು ಕೇಳುತ್ತಾರೆ. ಐರಿಷ್ ಭಾಷೆಯ ಮೊದಲ ವಾಕ್ಚಿತ್ರವದು. ಕಳೆದೇಹೋಯಿತೆಂದುಕೊಂಡಿದ್ದ ಅದರ ಪ್ರತಿ 2012ರಲ್ಲಿ ಹಾರ್ವರ್ಡ್ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಸಿಕ್ಕಿತು. ಅದೇ ನಿರ್ದೇಶಕ, ಅದೇ ಜನ. ಒಂದರಲ್ಲಿ ಅವರು ಕೂಗುತ್ತಾರೆ, ಇನ್ನೊಂದರಲ್ಲಿ ಮಾತಾಡುತ್ತಾರೆ. ಕೂಗಿದ್ದು ಜಗತ್ತೆಲ್ಲ ಸುತ್ತಿತು, ಮಾತಾಡಿದ್ದು ಎಪ್ಪತ್ತಕ್ಕೂ ಹೆಚ್ಚು ವರ್ಷ ಕಪಾಟಿನಲ್ಲಿತ್ತು.

*

ಈಗ ಮೈಸೂರು. ನಿರ್ಮಾಪಕ ಅಲೆಕ್ಸಾಂಡರ್ ಕೊರ್ಡಾ ಫ್ಲಾಹರ್ಟಿಯನ್ನು ಕಳಿಸಿದ್ದು ಕಿಪ್ಲಿಂಗ್‌ನ ಆನೆ ಕಥೆಯೊಂದನ್ನು ಚಿತ್ರ ಮಾಡಲು. ತೂಮಾಯ್ ಎಂಬ ಮಾವುತರ ಹುಡುಗ, ಕಾಲಾ ನಾಗ್ ಎಂಬ ಆನೆ. ಮನುಷ್ಯರಾರೂ ಕಾಣದ ಕಾಡಾನೆಗಳ ಕುಣಿತವನ್ನು ಆ ಹುಡುಗ ಕಾಣುತ್ತಾನೆ. ಕಥೆ ನಡೆಯುವುದು ಅಸ್ಸಾಮಿನ ಕಡೆಯ ಗಾರೋ ಬೆಟ್ಟಗಳಲ್ಲಿ. ಅದು ಕಬಿನಿ ತೀರಕ್ಕೆ ಬಂದು ಕೂತರೂ ಯಾವ ಪ್ರೇಕ್ಷಕನೂ ಆಕ್ಷೇಪಿಸಲಿಲ್ಲ. ದೂರದಿಂದ ನೋಡುವವನಿಗೆ ಕಾಡು ಎಂದರೆ ಕಾಡು, ಆನೆ ಎಂದರೆ ಆನೆ.

ಆರನ್‌ನ ಪಾಕವೇ ಇಲ್ಲಿಯೂ. ಅಲ್ಲಿ ಕಡಲು, ಶಾರ್ಕ್, ಹುಡುಗ. ಇಲ್ಲಿ ಕಾಡು, ಆನೆ, ಹುಡುಗ. ಅಲ್ಲಿ ತಂದೆಯ ಬೇಟೆ ನೋಡಿ ಕಲಿಯುವ ಮಗ; ಇಲ್ಲಿ ತಂದೆ ಸತ್ತ ಮೇಲೆ ಆನೆಯನ್ನೇ ನೆಚ್ಚುವ ಮಗ. ಸಿನಿಮಾದ ತೂಮಾಯ್ ಆದ ಸಾಬು 1924ರಲ್ಲಿ ಕಾರಾಪುರದಲ್ಲಿ ಹುಟ್ಟಿದವನು. ಅರಮನೆಯ ಆನೆಗಳ ಮಾವುತನ ಮಗ, ತಂದೆಯನ್ನು ಚಿಕ್ಕಂದಿನಲ್ಲೇ ಕಳೆದುಕೊಂಡಿದ್ದ. ಆರನ್‌ನಲ್ಲಿ ಸಂಬಂಧವಿಲ್ಲದ ಮೂವರನ್ನು ಕುಟುಂಬವಾಗಿಸಿದ ಕಣ್ಣು ಇಲ್ಲಿ ಅನಾಥ ಹುಡುಗನೊಬ್ಬನನ್ನು ಆರಿಸಿ ಅನಾಥನ ಪಾತ್ರ ಕೊಟ್ಟಿತು.

ಒಂದು ವ್ಯತ್ಯಾಸವಿದೆ. ಆರನ್‌ನ ಶಾರ್ಕ್ ಬೇಟೆ ಸತ್ತುಹೋದ ರೂಢಿ. ಮೈಸೂರಿನ ಖೆಡ್ಡಾ ಆಗಿನ್ನೂ ಬದುಕಿತ್ತು. 1870ರ ದಶಕದಲ್ಲಿ ಸ್ಯಾಂಡರ್ಸನ್ ಎಂಬ ಆಂಗ್ಲ ಅಧಿಕಾರಿ ಈ ಸೀಮೆಯಲ್ಲಿ ಆನೆ ಹಿಡಿಯುವುದಕ್ಕೆ ಖೆಡ್ಡಾ ಕ್ರಮ ತಂದ. ಕಾಡಾನೆಗಳ ಹಿಂಡನ್ನು ತಮಟೆ, ಪಂಜು, ಕೂಗಿನಿಂದ ಅಟ್ಟಿ, ಕಬಿನಿ ಹೊಳೆ ದಾಟಿಸಿ, ಮರದ ದಿಮ್ಮಿಗಳ ಕೋಟೆಯೊಳಗೆ ಕೂಡಿಹಾಕುವುದು ಕಾಕನಕೋಟೆಯ ಪದ್ಧತಿ. ವೈಸರಾಯ್, ರಾಜಕುಮಾರರು ಬಂದಾಗ ಇದು ಅಟ್ಟಣೆ ಕಟ್ಟಿ ತೋರಿಸುವ ಪ್ರದರ್ಶನವೂ ಆಗುತ್ತಿತ್ತು. ಹೀಗಾಗಿ ಫ್ಲಾಹರ್ಟಿ ಬರುವಷ್ಟರಲ್ಲಿ ಕಾಕನಕೋಟೆ ಆಗಲೇ ಒಂದು ರಂಗಸಜ್ಜಿಕೆ; ನೋಡಲು ಬರುವ ದೊಡ್ಡವರಿಗೆ ತನ್ನನ್ನು ತಾನು ಹೂಡಿಕೊಂಡು ರೂಢಿಯಿದ್ದ ಕಾಡು. ಅರಮನೆಯ ಸಹಕಾರವೂ ಸಿಕ್ಕಿತು. ಆನೆಗಳ ಹಿಂಡು ನೀರಿಗಿಳಿಯುವ ಚಿತ್ರಿಕೆಗಳು ಇವತ್ತಿಗೂ ಬೆರಗು ಹುಟ್ಟಿಸುತ್ತವೆ. ಆದರೆ ಆ ಹಿಂಡಿನ ಜಾಡು ಹಿಡಿದವರು, ಇರುಳೆಲ್ಲ ಪಂಜು ಹಿಡಿದು ಸುತ್ತುಗಟ್ಟಿದವರು ಜೇನುಕುರುಬರು, ಬೆಟ್ಟಕುರುಬರು. ಅವರು ಪರದೆಯ ಮೇಲೆ ಹೆಸರಿಲ್ಲದ ಗುಂಪು. ಕಥೆಯ ಕೇಂದ್ರದಲ್ಲಿ ಪೀಟರ್ಸನ್ ಸಾಹೇಬ. ಹುಡುಗನ ದೊಡ್ಡತನಕ್ಕೆ ಮುದ್ರೆ ಬೀಳುವುದೂ ಸಾಹೇಬನ ಬಿಡಾರದಲ್ಲೇ.

ಫ್ಲಾಹರ್ಟಿ ಕಳಿಸುತ್ತಿದ್ದ ರೀಲುಗಳಲ್ಲಿ ಕಥೆಯೇ ಕಾಣುವುದಿಲ್ಲವೆಂದು ಲಂಡನ್ನಿನವರಿಗೆ ಕಳವಳವಾಯಿತು. ಕೊರ್ಡಾ ತನ್ನ ತಮ್ಮ ಜೊಲ್ಟನ್‌ನನ್ನು ಜೊತೆಗೆ ಹಾಕಿದ. ಸಾಬುವನ್ನು ಇಂಗ್ಲೆಂಡಿಗೆ ಕರೆಸಿಕೊಂಡು ಡೆನ್‌ಹ್ಯಾಮ್ ಸ್ಟುಡಿಯೋದಲ್ಲಿ ಉಳಿದ ಭಾಗ ತೆಗೆಯಲಾಯಿತು. ಅಲ್ಲಿ ಮುಖಕ್ಕೆ ಕಂದು ಬಣ್ಣ ಬಳಿದುಕೊಂಡ ಇಂಗ್ಲಿಷ್ ನಟರು ಮಾವುತರಾದರು. ಆನೆಗಳ ಕುಣಿತಕ್ಕೆ ಕೃತಕ ಆನೆಪಾದಗಳನ್ನು ಮಾಡಿಸಿ ನೆಲಕ್ಕೆ ಕುಟ್ಟಿಸಿದರು. ಚಿತ್ರ ನೋಡುವಾಗ ಈ ಹೊಲಿಗೆ ಬರಿಗಣ್ಣಿಗೆ ಕಾಣುತ್ತದೆ: ಒಂದು ಚಿತ್ರಿಕೆಯಲ್ಲಿ ಮೈಸೂರಿನ ಬಿಸಿಲು, ಮುಂದಿನದರಲ್ಲಿ ಸ್ಟುಡಿಯೋದ ದೀಪ. ವೆನಿಸ್‌ನಲ್ಲಿ 1937ರ ಅತ್ಯುತ್ತಮ ನಿರ್ದೇಶನದ ಬಹುಮಾನ ಇಬ್ಬರಿಗೂ ಸೇರಿ ಬಂತು.

ಮೈಸೂರು ಸೀಮೆಯಲ್ಲಿ ತೆಗೆದ ಈ ಚಿತ್ರದಲ್ಲಿ ಕನ್ನಡಕ್ಕೆ ಜಾಗವಿಲ್ಲ. ಐರಿಷ್ ನುಡಿಗೆ ಹನ್ನೊಂದು ನಿಮಿಷದ ಒಲೆಯಾದರೂ ಸಿಕ್ಕಿತ್ತು; ಕಾಕನಕೋಟೆಯ ನುಡಿಗಳಿಗೆ ಅದೂ ಸಿಗಲಿಲ್ಲ. ಇದನ್ನು ಯೋಚಿಸುವಾಗ ಮಾಸ್ತಿಯವರ ‘ಕಾಕನಕೋಟೆ’ ನಾಟಕ ನೆನಪಿಗೆ ಬರುತ್ತದೆ. ಅದೂ ಅದೇ ದಶಕದ್ದು, ಅದೇ ಕಾಡಿನದು. ರಣಧೀರ ಕಂಠೀರವನ ಕಾಲಕ್ಕೆ ಕಥೆಯನ್ನು ಒಯ್ದು ಮಾಸ್ತಿಯವರು ಕುರುಬರ ಮುಖಂಡ ಕಾಚನನ್ನು ನಡುರಂಗಕ್ಕೆ ತಂದರು. ಅಲ್ಲಿ ಕಾಡಿನವರಿಗೆ ಶತ್ರು ಹುಲಿಯೂ ಅಲ್ಲ, ಆನೆಯೂ ಅಲ್ಲ. ಕಾಣಿಕೆ, ಕಂದಾಯ ಎಂದು ಕಾಡಿಸುವ ಅಧಿಕಾರಿಗಳು. ಮಾಸ್ತಿಯವರ ಕಾಡಿನಲ್ಲೂ ಒಂದು ಬಗೆಯ ಆದರ್ಶೀಕರಣವಿದೆ, ಅರಸನ ಮೇಲಿನ ಭಕ್ತಿಯೇ ಕೊನೆಗೆ ಗೆಲ್ಲುತ್ತದೆ. ಆದರೂ ಅವರ ಕುರುಬರು ತಮ್ಮ ನ್ಯಾಯವನ್ನು ತಾವೇ ವಾದಿಸುತ್ತಾರೆ. 1977ರಲ್ಲಿ ಸಿ.ಆರ್. ಸಿಂಹ ಅದನ್ನು ಸಿನಿಮಾ ಮಾಡಿದಾಗ ಆ ಕಾಡಿಗೆ ಪರದೆಯ ಮೇಲೂ ಕನ್ನಡದ ದನಿ ಬಂತು. ಫ್ಲಾಹರ್ಟಿಯ ಕಾಡಿನಲ್ಲಿ ವಾದಕ್ಕೇ ಅವಕಾಶವಿಲ್ಲ, ಪ್ರಾಣಿ ಮತ್ತು ಮನುಷ್ಯನ ನಡುವೆ ಸರ್ಕಾರವೇ ಇಲ್ಲ.

ಇಷ್ಟೆಲ್ಲ ಹೇಳಿದ ಮೇಲೂ ‘ಎಲಿಫಂಟ್ ಬಾಯ್’ ಚಿತ್ರವನ್ನು ತಳ್ಳಿಹಾಕಲು ನನಗೆ ಆಗುವುದಿಲ್ಲ. ಸಾಬು ಆನೆಯ ಸೊಂಡಿಲಿನ ಮೇಲೆ ಕಾಲಿಟ್ಟು ನೆತ್ತಿಗೆ ಏರುವ ರೀತಿ, ಹೊಳೆಯಲ್ಲಿ ಅದನ್ನು ತಿಕ್ಕಿ ತೊಳೆಯುವ ಸಲಿಗೆ – ಇದನ್ನು ಯಾವ ಸ್ಟುಡಿಯೋವೂ ಕಲಿಸಲಾರದು. ಇದು ಮಾವುತರ ಮನೆಯಲ್ಲಿ ಹುಟ್ಟಿ ಬೆಳೆದ ಮೈ ಬಲ್ಲ ವಿದ್ಯೆ. ಆರನ್‌ನ ಹೆಂಗಸು ಪಾಚಿಯ ಹೊರೆಯನ್ನು ಬೆನ್ನಿಗೆ ಸರಿಮಾಡಿಕೊಳ್ಳುವ ಆ ಒಂದು ಕ್ಷಣದಂತೆಯೇ ಇದೂ. ಕಥೆ ನಿರ್ದೇಶಕನದು, ನುಡಿ ಪರರದು, ಲಾಭ ಕಂಪನಿಯದು. ಕೆಲಸದ ಹದ ಮಾತ್ರ ಆ ಮನುಷ್ಯರದ್ದೇ. ನಿರ್ದೇಶಕನ ಉದ್ದೇಶವನ್ನೂ ಮೀರಿ ಅದು ಪರದೆಯ ಮೇಲೆ ಉಳಿದುಬಿಟ್ಟಿದೆ. ಸಾಬು ಮುಂದೆ ಹಾಲಿವುಡ್ಡಿನಲ್ಲಿ ಮೋಗ್ಲಿಯಾದ, ಬಾಗ್ದಾದಿನ ಕಳ್ಳನಾದ, ಅಮೆರಿಕದ ವಾಯುಪಡೆಯಲ್ಲಿ ಯುದ್ಧ ಮಾಡಿದ, 1963ರಲ್ಲಿ 39ನೇ ವಯಸ್ಸಿನಲ್ಲಿ ತೀರಿಕೊಂಡ. ಜಗತ್ತು ಅವನಿಂದ ಕೊನೆತನಕ ಕೇಳಿದ್ದು ಬಹುಮಟ್ಟಿಗೆ ಪೂರ್ವದೇಶದ ಕಾಡುಹುಡುಗನ ಪಾತ್ರವನ್ನೇ.

*

ತೋರಣಗಲ್ಲಿನಲ್ಲಿ ಕೂತು ಇದನ್ನು ಬರೆಯುವುದಕ್ಕೂ ಈ ಚಿತ್ರಗಳಿಗೂ ಏನು ಸಂಬಂಧ ಎಂದು ಕೇಳಬಹುದು. ಬೆಂಗಳೂರಿನ ಕಡೆಯಿಂದ ಬರುವ ಹಂಪಿ ಎಕ್ಸ್‌ಪ್ರೆಸ್ ರೈಲು ಬಳ್ಳಾರಿ ದಾಟಿ ನಮ್ಮೂರಿನ ಮೇಲೆಯೇ ಹೊಸಪೇಟೆಗೆ ಹೋಗುತ್ತದೆ. ಉಕ್ಕಿನ ಕಾರ್ಖಾನೆಯ ಕೊಳವೆಗಳು, ಅದಿರಿನ ವ್ಯಾಗನ್ನುಗಳ ಸಾಲು ಕಾಣುವಾಗ ಪ್ರವಾಸಿಗರ ಕ್ಯಾಮೆರಾ ಚೀಲದೊಳಗೇ ಇರುತ್ತದೆ. ಹೊರಗೆ ಬರುವುದು ಇನ್ನೂ ಮೂವತ್ತು ಕಿಲೋಮೀಟರಿನಷ್ಟು ಮುಂದೆ ಹೋದ ಮೇಲೆ. ಹಂಪಿಯ ಕುರಿತು ಈಗ ಬರುವ ಪ್ರವಾಸಿ ವಿಡಿಯೋಗಳಲ್ಲಿ ಬಂಡೆ, ಗುಡಿ, ಸೂರ್ಯಾಸ್ತ, ಹರಿಗೋಲು ಇವಿಷ್ಟಂತೂ ತಪ್ಪುವುದಿಲ್ಲ. ಆ ಕಲ್ಲಿನ ನಾಡಿನ ಬೆನ್ನಿಗೇ ಇರುವ ಸಂಡೂರಿನ ಗಣಿ, ಕಂಪ್ಲಿಯ ಭತ್ತದ ಗದ್ದೆ, ಬೇರೆ ರಾಜ್ಯಗಳಿಂದ ಬಂದು ನಮ್ಮೂರಿನ ಬಾಡಿಗೆ ಕೋಣೆಗಳಲ್ಲಿರುವ ಕಾರ್ಮಿಕರು ಚೌಕಟ್ಟಿನ ಹೊರಗೆ. ಆರನ್‌ನಿಂದ ಗೇಣಿಯನ್ನೂ ಅಮೆರಿಕದ ಹಡಗನ್ನೂ ತೆಗೆದಂತೆ ಹಂಪಿಯಿಂದ ವರ್ತಮಾನವನ್ನು ತೆಗೆಯಲಾಗುತ್ತದೆ.

ಇದು ಇಂದಿನದಲ್ಲ. 1856ರಲ್ಲಿ ಅಲೆಕ್ಸಾಂಡರ್ ಗ್ರೀನ್‌ಲಾ ಎಂಬ ಸೈನ್ಯಾಧಿಕಾರಿ ಹಂಪಿಯ ಛಾಯಾಚಿತ್ರಗಳನ್ನು ತೆಗೆದ. ಕಾಗದದ ನೆಗೆಟಿವ್ ಮೇಲೆ ಬಹಳ ಹೊತ್ತು ಬೆಳಕು ಬೀಳಿಸಬೇಕಿದ್ದ ತಂತ್ರವದು. ಕಲ್ಲು ಸ್ಪಷ್ಟವಾಗಿ ಮೂಡುತ್ತದೆ. ಅಲ್ಲಾಡುವ ಮನುಷ್ಯ ಮೂಡುವುದು ಕಷ್ಟ. ಅಂದು ಅದು ತಂತ್ರದ ಮಿತಿ. ಆಮೇಲೆ ಅದೇ ನಮ್ಮ ಕಣ್ಣಿನ ಅಭಿರುಚಿಯಾಯಿತು: ಹಂಪಿ ಎಂದರೆ ಜನರಿಲ್ಲದ ಕಲ್ಲು. 2011ರಲ್ಲಿ ವಿರೂಪಾಕ್ಷ ಗುಡಿಯ ಮುಂದಿನ ತೇರುಬೀದಿಯಲ್ಲಿ ಮಂಟಪಗಳಿಗೆ ಆನಿಸಿಕೊಂಡಿದ್ದ ಮನೆ, ಅಂಗಡಿಗಳನ್ನು ತೆರವು ಮಾಡಿದ ಮೇಲೆ ಆ ಬೀದಿ ಗ್ರೀನ್‌ಲಾನ ಚಿತ್ರಗಳಿಗೆ ಇನ್ನಷ್ಟು ಹತ್ತಿರವಾಗಿದೆ. ಸ್ಮಾರಕದ ರಕ್ಷಣೆಗೆ ಅದು ಅಗತ್ಯವಿತ್ತು ಎಂಬ ವಾದಕ್ಕೆ ತನ್ನದೇ ತೂಕವಿದೆ. ನಾನು ಹೇಳುತ್ತಿರುವುದು ಇಷ್ಟೇ, ಜನರಿಲ್ಲದ ಬೀದಿ ಸುಂದರ ಎಂಬ ಅಭಿರುಚಿಯನ್ನು ಅದಕ್ಕಿಂತ ಬಹಳ ಮೊದಲೇ ಚಿತ್ರಗಳು ತಯಾರಿಸಿಟ್ಟಿದ್ದವು.

ಹರಿಗೋಲಿನ ಕಥೆ ಇನ್ನೂ ತೊಡಕಿನದು. 1520ರ ಆಸುಪಾಸಿನಲ್ಲಿ ವಿಜಯನಗರಕ್ಕೆ ಬಂದ ಪೋರ್ಚುಗೀಸ್ ಯಾತ್ರಿಕ ಡೊಮಿಂಗೊ ಪಾಯೆಸ್, ಬುಟ್ಟಿಯಂಥ ದೋಣಿಗಳಲ್ಲಿ ಜನ ಹೊಳೆ ದಾಟುವುದನ್ನು ಬೆರಗಿನಿಂದ ದಾಖಲಿಸಿದ್ದಾನೆ. ಐದು ಶತಮಾನ ಕಳೆದರೂ ಬಂದವರು ಅದನ್ನೇ ದಾಖಲಿಸುತ್ತಿದ್ದಾರೆ. ಆದರೆ ಆನೆಗೊಂದಿಯವರಿಗೆ ಬೇಕಾಗಿದ್ದದ್ದು ಸೇತುವೆ. ಹೊಳೆ ತುಂಬಿದರೆ ಹರಿಗೋಲು ನಿಲ್ಲುತ್ತದೆ. ಆಸ್ಪತ್ರೆ, ಕಾಲೇಜು ಆಚೆ ದಡದಲ್ಲಿ. ತಳವಾರಘಟ್ಟದ ಬಳಿ ಸೇತುವೆಯ ಕೆಲಸ ನಡೆದದ್ದು ಹಂಪಿಯ ಪರಿಸರಕ್ಕೆ ಧಕ್ಕೆಯೆಂದು 1999ರಲ್ಲಿ ಯುನೆಸ್ಕೋ ಹಂಪಿಯನ್ನು ಅಪಾಯದಲ್ಲಿರುವ ವಿಶ್ವಪರಂಪರೆಯ ತಾಣಗಳ ಪಟ್ಟಿಗ�� ಸೇರಿಸಿತು; 2006ರಲ್ಲಿ ಪಟ್ಟಿಯಿಂದ ಕೈಬಿಟ್ಟಿತು. ಕಟ್ಟುತ್ತಿದ್ದ ಸೇತುವೆ 2009ರ ಜನವರಿಯಲ್ಲಿ ಕುಸಿದು ಕೂಲಿಕಾರರು ಪ್ರಾಣ ಕಳೆದುಕೊಂಡರು. ಮುಂದೆ ಬುಕ್ಕಸಾಗರ ಮತ್ತು ಕಡೇಬಾಗಿಲು ನಡುವೆ ಸೇತುವೆಯಾಯಿತು. ಹರಿಗೋಲು ಚೆಂದವೆಂದು ನೋಡುವವರಲ್ಲಿ ನಾನೂ ಒಬ್ಬ, ಅದರ ಹೆಣಿಗೆಯ ಜಾಣತನವನ್ನು ಮೇಲೆ ಕೊಂಡಾಡಿಯೂ ಇದ್ದೇನೆ. ಆದರೆ ಸೇತುವೆಯ ಮಾತು ಬಾರದೆ ಹರಿಗೋಲನ್ನಷ್ಟೇ ತೋರಿಸುವ ಚಿತ್ರ ಫ್ಲಾಹರ್ಟಿಯ ಶಾರ್ಕ್ ಬೇಟೆಗೆ ತೀರ ಹತ್ತಿರದ್ದು.

ಹಾಗಾದರೆ ಹೊರಗಿನವನು ನೋಡಲೇಬಾರದೇ? ಹಾಗೆ ಹೇಳಿದರೆ ಪ್ರವಾಸಕಥನ ಎಂಬ ಪ್ರಕಾರವನ್ನೇ ಮುಚ್ಚಬೇಕಾಗುತ್ತದೆ. ಕನ್ನಡದಲ್ಲಿ ಇದಕ್ಕೆ ಬೇರೆ ದಾರಿ ಇದೆ. ತೇಜಸ್ವಿಯವರ ‘ಅಲೆಮಾರಿಯ ಅಂಡಮಾನ್’ ದ್ವೀಪದ ಬರಹವೇ. ಅಲ್ಲಿ ನೋಡುವವನು ಮರೆಯಲ್ಲಿ ನಿಲ್ಲುವುದಿಲ್ಲ. ತೇಜಸ್ವಿಯವರೂ ಅವರ ಸಂಗಡಿಗರೂ, ಅವರ ಪರದಾಟಗಳೂ ಪುಟಗಳೊಳಗೇ ಇವೆ. ಹೀಗಾಗಿ ಓದುಗನಿಗೆ ಇದು ಯಾರ ಕಣ್ಣು ಎಂಬುದು ಮರೆಯುವುದಿಲ್ಲ. ಫ್ಲಾಹರ್ಟಿಯ ಚಿತ್ರಗಳಲ್ಲಿ ಫ್ಲಾಹರ್ಟಿ ಎಲ್ಲೂ ಇಲ್ಲ. ದ್ವೀಪ ತನ್ನಷ್ಟಕ್ಕೆ ತಾನೇ ಹೀಗಿದೆ ಎಂಬಂತೆ ತೋರುತ್ತದೆ. ಹೂಡಿಕೆಗಿಂತ ಹೆಚ್ಚು ಮೋಸ ಮಾಡುವುದು ಈ ಅದೃಶ್ಯತೆ. ಶಾರ್ಕ್ ಬೇಟೆಗೆ ಮೊದಲು, ಈಟಿ ಹಿಡಿಯಲು ಕಲಿಯುತ್ತಿರುವ ಗಂಡಸರ ಒಂದು ದೃಶ್ಯವನ್ನು ಇಟ್ಟಿದ್ದರೆ ಸಾಕಿತ್ತು. ಅಜ್ಜಂದಿರ ವಿದ್ಯೆಯನ್ನು ಮೊಮ್ಮಕ್ಕಳು ಸಂಬಳಕ್ಕಾಗಿ ಮತ್ತೆ ಕಲಿಯುವುದು ಬೇಟೆಗಿಂತ ಕಡಿಮೆ ರೋಚಕವೇನಲ್ಲ, ಮತ್ತು ಅದು 1930ರ ದಶಕದ ಆರನ್‌ನ ನಿಜವಾದ ಕಥೆ.

ಎರಡೂ ಚಿತ್ರಗಳು ಹುಡುಕಿದರೆ ನೋಡಲು ಸಿಗುತ್ತವೆ. ವಿದ್ಯಾರ್ಥಿಗಳು ಅವನ್ನು ಒಂದರ ಹಿಂದೆ ಒಂದು ನೋಡಬೇಕು. ಎರಡನೇ ಸಲ ನೋಡುವಾಗ ಕಥೆಯನ್ನು ಬಿಟ್ಟು ಕೈಗಳನ್ನು ಮಾತ್ರ ಗಮನಿಸಬೇಕು, ಆ ಕೈಗಳಿಗೆ ಕೂಲಿ ಕೊಟ್ಟವರು ಯಾರು, ಚಿತ್ರ ಮುಗಿದ ಮೇಲೆ ಅವು ಏನು ಮಾಡಿದವು ಎಂದು ಕೇಳಿಕೊಳ್ಳಬೇಕು. ಕಾಕನಕೋಟೆಯ ಕೊನೆಯ ಖೆಡ್ಡಾ ನಡೆದದ್ದು 1971ರಲ್ಲಿ. ಆ ದಶಕದಲ್ಲೇ ಕಬಿನಿಗೆ ಅಣೆಕಟ್ಟು ಬಂತು, ಆನೆಗಳು ದಾಟುತ್ತಿದ್ದ ಜಾಗ ಹಿನ್ನೀರಿನ ಕೆಳಗೆ ಹೋಯಿತು. ನಾಗರಹೊಳೆಯ ಕಾಡಿನಿಂದ ಕುರುಬರ ಹಾಡಿಗಳನ್ನು ಎಬ್ಬಿಸಲಾಯಿತು. ಸಾಬು ಹುಟ್ಟಿದ ಕಾರಾಪುರ ಈಗ ಸಫಾರಿಗೆ ಹೋಗುವವರು ತಂಗುವ ಊರು. ಹಿನ್ನೀರಿನ ಅಂಚಿಗೆ ಬಂದು ನಿಲ್ಲುವ ಆನೆಗಳ ಹಿಂಡನ್ನು ಜೀಪಿನಿಂದ, ದೋಣಿಯಿಂದ ದಿನವೂ ಚಿತ್ರ ತೆಗೆಯುತ್ತಾರೆ. ಅಲ್ಲಿ ಜೀಪು ಓಡಿಸುವವರು, ದಾರಿ ತೋರಿಸುವವರು ಯಾರ ಮಕ್ಕಳು ಎಂಬುದನ್ನು ಆ ಚಿತ್ರಗಳಲ್ಲಿ ಹುಡುಕಿ ನೋಡಿ.